ಕಳ್ಳಾಟದ ಪಾಠ: ಹಳೆ ಗೇಮ್‌ಗಳ ಚೀಟ್ ಕೋಡ್ ಒಳಗೆ ಏನಿರುತ್ತದೆ?



ಕಾಂಟ್ರಾ ಆಡಿದವರಿಗೆ "30 ಲೈಫ್" ಅಂದ್ರೆ ಏನು ಅಂತ ಬಿಡಿಸಿ ಹೇಳಬೇಕಿಲ್ಲ. ನಮ್ಮ ಊರುಗಳಲ್ಲಿ ಟಿವಿ ಗೇಮ್ ಅಂತ ಕರೆಯುತ್ತಿದ್ದ ಡಬ್ಬಿಗೆ "9999 ಇನ್ 1" ಅಂತ ಬರೆದ ಕ್ಯಾಸೆಟ್ ಹಾಕಿದರೆ ಪಟ್ಟಿಯಲ್ಲಿ ಅವವೇ ಆಟಗಳು ಮತ್ತೆ ಮತ್ತೆ ಬರುತ್ತಿದ್ದವು. ಒಂದು ಕಡೆ ಆಟ ಮೊದಲ ಹಂತದಿಂದ ಶುರು, ಇನ್ನೊಂದು ಕಡೆ ಅದೇ ಆಟ ಮುಂದಿನ ಹಂತದಿಂದ ಶುರು, ಮತ್ತೊಂದು ಕಡೆ ಕೈತುಂಬ ಲೈಫ್. ಅವು ಬೇರೆ ಬೇರೆ ಆಟಗಳಲ್ಲ. ಒಂದೇ ಆಟದ ಪ್ರೋಗ್ರಾಮಿನಲ್ಲಿ ಎಲ್ಲೋ ಒಂದೆರಡು ಸಂಖ್ಯೆ ಬದಲಿಸಿ, ಅದನ್ನೇ ಹೊಸ ಆಟ ಅಂತ ಎಣಿಸಿದ್ದರು. ಅಂದ್ರೆ ಚೀಟ್ ಕೋಡ್ ಅನ್ನೋ ಪದ ಗೊತ್ತಾಗುವ ಮೊದಲೇ ನಮ್ಮಲ್ಲಿ ಎಷ್ಟೋ ಜನ ಅದನ್ನು ಆಡಿ ಮುಗಿಸಿದ್ದೇವೆ.

ನಾನು ಬಿ.ಇ. ಓದಿದ್ದು ಎಲೆಕ್ಟ್ರಾನಿಕ್ಸ್. ಲ್ಯಾಬಿನಲ್ಲಿ 8051ಕ್ಕೆ ಪ್ರೋಗ್ರಾಮ್ ಬರೆದದ್ದೂ ಇದೆ, ವೈವಾದಲ್ಲಿ "ಅಡ್ರೆಸ್ ಬಸ್ ಅಂದರೇನು" ಅನ್ನುವ ಪ್ರಶ್ನೆಗೆ ಬಾಯಿಪಾಠದ ಉತ್ತರ ಕೊಟ್ಟದ್ದೂ ಇದೆ. ಆದರೆ ಅಡ್ರೆಸ್, ಬಿಟ್, ಓವರ್‌ಫ್ಲೋ ಇವೆಲ್ಲ ನಿಜವಾಗಿ ತಲೆಗೆ ಹತ್ತಿದ್ದು ಹಳೆಯ ಆರ್‌ಪಿಜಿಗಳ, ಅಂದರೆ ರೋಲ್ ಪ್ಲೇಯಿಂಗ್ ಗೇಮ್‌ಗಳ ಚೀಟ್ ಕೋಡ್‌ಗಳನ್ನು ಬಿಡಿಸಿ ನೋಡಿದಾಗ. ಆ ಪಾಠವನ್ನೇ ಇಲ್ಲಿ ಬರೆಯುತ್ತಿದ್ದೇನೆ. ಕಂಪ್ಯೂಟರ್ ಸೈನ್ಸ್ ಓದದವರಿಗೂ ಅರ್ಥವಾಗಬೇಕು ಅನ್ನೋದು ಆಸೆ. ಕೂಡು-ಕಳೆ ಬಂದರೆ ಸಾಕು.

ಪಾಠದ ಸಾರ ಮೊದಲೇ ಹೇಳಿಬಿಡುತ್ತೇನೆ. ಮೆಮೊರಿಯಲ್ಲಿ ಇರುವುದು ಬರೀ ಸಂಖ್ಯೆ. ಅದು ದುಡ್ಡೋ, ಪ್ರಾಣವೋ, ಯಾರದ್ದಾದರೂ ಹೆಸರೋ ಅಂತ ತೀರ್ಮಾನಿಸುವುದು ಅದನ್ನು ಓದುವ ಪ್ರೋಗ್ರಾಮ್. ಚೀಟ್ ಕೋಡ್ ಸಂಖ್ಯೆಯನ್ನು ಬದಲಿಸುತ್ತದೆ, ಆದರೆ ಆ ಸಂಖ್ಯೆಯನ್ನು ನಂಬಿಕೊಂಡ ಉಳಿದವರಿಗೆ ಸುದ್ದಿ ಮುಟ್ಟಿಸುವುದಿಲ್ಲ. ಕೋಡ್‌ನ ಲಾಭವೂ ಅಪಾಯವೂ ಇಷ್ಟರಲ್ಲೇ ಇದೆ.

1. ಕೋಡ್‌ಗಳಲ್ಲಿ ಮೂರು ಜಾತಿ

ಮೊದಲನೆಯದು, ಗೇಮ್ ಮಾಡಿದವರೇ ಇಟ್ಟ ಕೋಡ್. ಇದರಲ್ಲಿ ಹೆಸರಾದದ್ದು ಕೊನಾಮಿ ಕೋಡ್: ಮೇಲೆ, ಮೇಲೆ, ಕೆಳಗೆ, ಕೆಳಗೆ, ಎಡ, ಬಲ, ಎಡ, ಬಲ, ಬಿ, ಎ. ಇದು ಮೊದಲು ಬಂದದ್ದು 1986ರ ಗ್ರೇಡಿಯಸ್‌ನಲ್ಲಿ. ಆ ಆಟವನ್ನು ಮನೆಯ ಕನ್ಸೋಲಿಗೆ ತಂದ ಕಜುಹಿಸಾ ಹಶಿಮೊಟೊ ಅವರಿಗೆ ಪರೀಕ್ಷೆ ಮಾಡುವಾಗ ತಮ್ಮದೇ ಗೇಮ್ ತೀರಾ ಕಷ್ಟವಾಯಿತು, ಅದಕ್ಕೆ ಇದನ್ನು ಸೇರಿಸಿಕೊಂಡರು. ಕಾಂಟ್ರಾದ 30 ಲೈಫ್ ಕೂಡ ಇದೇ ಕೋಡ್.

ಎರಡನೆಯದು ಪಾಸ್‌ವರ್ಡ್. 1986ರಲ್ಲಿ ಜಪಾನಿನಲ್ಲಿ ಬಂದ ಡ್ರ್ಯಾಗನ್ ಕ್ವೆಸ್ಟ್‌ನಲ್ಲಿ ಆಟವನ್ನು ಸೇವ್ ಮಾಡಲು ಜಾಗವೇ ಇರಲಿಲ್ಲ. ರಾಜನ ಹತ್ತಿರ ಹೋದರೆ 20 ಅಕ್ಷರಗಳ ಒಂದು "ಮಂತ್ರ" ಕೊಡುತ್ತಿದ್ದ. ಅದನ್ನು ಹಾಳೆಯಲ್ಲಿ ಬರೆದಿಟ್ಟುಕೊಂಡು ಮರುದಿನ ಮತ್ತೆ ಒತ್ತಬೇಕು. ಒಂದಕ್ಷರ ತಪ್ಪಿದರೂ ಒಳಗೆ ಬಿಡುತ್ತಿರಲಿಲ್ಲ. ಆ 20 ಅಕ್ಷರಗಳ ಒಳಗೇ ನಿಮ್ಮ ಹೆಸರು, ಚಿನ್ನ, ಅನುಭವದ ಅಂಕ ಎಲ್ಲ ಅಡಗಿರುತ್ತಿತ್ತು. ಅದೇ ಆಟ 1989ರಲ್ಲಿ ಡ್ರ್ಯಾಗನ್ ವಾರಿಯರ್ ಅಂತ ಅಮೆರಿಕಕ್ಕೆ ಬಂದಾಗ ಕ್ಯಾಸೆಟ್ಟಿನೊಳಗೆ ಬ್ಯಾಟರಿ ಹಾಕಿ ಸೇವ್ ಮಾಡುವ ವ್ಯವಸ್ಥೆ ಕೊಟ್ಟರು.

ಮೂರನೆಯದು ಹೊರಗಿನ ಸಾಧನ: ಗೇಮ್ ಜೀನಿ, ಆ್ಯಕ್ಷನ್ ರೀಪ್ಲೇ, ಗೇಮ್‌ಶಾರ್ಕ್. ಗೇಮ್ ಮಾಡಿದವರ ಅನುಮತಿ ಇಲ್ಲದೆ, ಅವರು ಯೋಚಿಸದೇ ಇದ್ದ ಜಾಗದಲ್ಲಿ ಕೈ ಹಾಕುವ ವಸ್ತುಗಳು ಇವು. ನಮ್ಮ ಪಾಠ ಮುಖ್ಯವಾಗಿ ಇವುಗಳದ್ದು.

2. ಗೇಮ್ ಜೀನಿ: ನಡುವೆ ನಿಂತವನು

ಲೈಬ್ರರಿಯಲ್ಲಿ ನೀವು ಒಂದು ನಂಬರ್ ಹೇಳುತ್ತೀರಿ, ಅಟೆಂಡರ್ ಆ ನಂಬರಿನ ಪುಸ್ತಕ ತಂದುಕೊಡುತ್ತಾನೆ ಅಂದುಕೊಳ್ಳಿ. ಕನ್ಸೋಲಿನ ಪ್ರೊಸೆಸರ್ ಮತ್ತು ಕ್ಯಾಸೆಟ್ಟಿನ ನಡುವೆ ನಡೆಯುವುದೂ ಇದೇ. ಪ್ರೊಸೆಸರ್ ಒಂದು ಅಡ್ರೆಸ್ ಹೇಳುತ್ತದೆ, ಕ್ಯಾಸೆಟ್ ಅಲ್ಲಿರುವ ಸಂಖ್ಯೆಯನ್ನು ಕೊಡುತ್ತದೆ. ಗೇಮ್ ಜೀನಿ ಇವರಿಬ್ಬರ ನಡುವೆ ನಿಲ್ಲುವ ತುಂಟ. ಸಾವಿರಾರು ಅಡ್ರೆಸ್‌ಗಳನ್ನು ಸುಮ್ಮನೆ ಹೋಗಲು ಬಿಡುತ್ತಾನೆ. ನೀವು ಹೇಳಿಕೊಟ್ಟ ಅಡ್ರೆಸ್ ಬಂದಾಗ ಮಾತ್ರ ಕ್ಯಾಸೆಟ್ಟಿನ ಉತ್ತರ ತಡೆದು, ತನ್ನ ಸಂಖ್ಯೆಯನ್ನು ಕೈಗಿಡುತ್ತಾನೆ. ಕ್ಯಾಸೆಟ್ ಬದಲಾಗುವುದಿಲ್ಲ. ಸ್ವಿಚ್ ಆಫ್ ಮಾಡಿದರೆ ಎಲ್ಲ ಮೊದಲಿನಂತೆ.

ಇದನ್ನು ರೂಪಿಸಿದ್ದು ಬ್ರಿಟನ್ನಿನ ಕೋಡ್‌ಮಾಸ್ಟರ್ಸ್, ಅಮೆರಿಕದಲ್ಲಿ ಮಾರಿದ್ದು ಗಲೂಬ್ ಅನ್ನುವ ಆಟಿಕೆ ಕಂಪನಿ. ನಿಂಟೆಂಡೊದ ಎನ್‌ಇಎಸ್‌ಗೆ ಬಂದ ಮಾದರಿಯಲ್ಲಿ ಕೋಡ್ ಬರೆಯಲು 16 ಅಕ್ಷರಗಳಷ್ಟೇ. ಯಾಕೆ 16? ನಾಲ್ಕು ಬಿಟ್‌ಗಳಿಂದ 16 ಬೇರೆ ಬೇರೆ ಸಂಖ್ಯೆ ಬರುತ್ತದೆ. ಹಾಗಾಗಿ ಒಂದು ಅಕ್ಷರ ಅಂದರೆ ನಾಲ್ಕು ಬಿಟ್. ಆರಕ್ಷರದ ಕೋಡ್ ಅಂದರೆ 24 ಬಿಟ್: ಅಡ್ರೆಸ್‌ಗೆ 15, ಹೊಸ ಸಂಖ್ಯೆಗೆ 8, ಉಳಿದ ಒಂದು ಬಿಟ್ "ಈ ಕೋಡ್ ಆರಕ್ಷರದ್ದೋ ಎಂಟಕ್ಷರದ್ದೋ" ಅಂತ ಹೇಳಲು.

ಒಂದು ಸುಲಭದ ಉದಾಹರಣೆ ಬಿಡಿಸೋಣ. ಇದು ಆರ್‌ಪಿಜಿ ಅಲ್ಲ, ಆದರೆ ಪಾಠಕ್ಕೆ ಇದಕ್ಕಿಂತ ಚೊಕ್ಕವಾದದ್ದು ಸಿಗಲ್ಲ. ಸೂಪರ್ ಮಾರಿಯೋ ಬ್ರದರ್ಸ್‌ನ "ಲೈಫ್ ಮುಗಿಯುವುದೇ ಇಲ್ಲ" ಕೋಡ್: ಎಸ್-ಎಕ್ಸ್-ಐ-ಓ-ಪಿ-ಓ. ಬಿಡಿಸಿದರೆ ಸಿಗುವ ಅಡ್ರೆಸ್ 91ಡಿ9, ಹೊಸ ಸಂಖ್ಯೆ ಎಡಿ. ಇಲ್ಲಿ ಡಿ, ಎ ಎಲ್ಲ ಹೆಕ್ಸಾಡೆಸಿಮಲ್ ಅಂಕೆಗಳು. ಈ ಲೆಕ್ಕದಲ್ಲಿ 9 ಆದ ಮೇಲೆ ಎ, ಬಿ, ಸಿ, ಡಿ, ಇ, ಎಫ್ ಬರುತ್ತವೆ, ಎಫ್ ಅಂದರೆ 15. ಆ ಅಡ್ರೆಸ್‌ನಲ್ಲಿ ಮೊದಲು ಇದ್ದದ್ದು ಸಿಇ. ಎನ್‌ಇಎಸ್ ಪ್ರೊಸೆಸರಿನ ಭಾಷೆಯಲ್ಲಿ ಸಿಇ ಅಂದರೆ "ಆ ಜಾಗದಲ್ಲಿರುವ ಸಂಖ್ಯೆಯಿಂದ ಒಂದು ಕಳೆ". ಎಡಿ ಅಂದರೆ "ಆ ಜಾಗದಲ್ಲಿರುವ ಸಂಖ್ಯೆಯನ್ನು ಓದಿಕೋ". ಎಷ್ಟು ಲೈಫ್ ಉಳಿದಿದೆ ಅನ್ನುವ ಲೆಕ್ಕ ಇದ್ದದ್ದು ಆ ಜಾಗದಲ್ಲೇ. ಕಳೆಯುವ ಆಜ್ಞೆ ಓದುವ ಆಜ್ಞೆಯಾಯಿತು. ಮಾರಿಯೋ ಸಾಯುವುದು ನಿಲ್ಲಲಿಲ್ಲ, ಸತ್ತ ಲೆಕ್ಕ ಬರೆಯುವುದು ನಿಂತಿತು. ಒಂದೇ ಒಂದು ಬೈಟ್!

ಎಂಟಕ್ಷರದ ಕೋಡ್‌ನಲ್ಲಿ ಇನ್ನೊಂದು ಎಂಟು ಬಿಟ್ ಇರುತ್ತದೆ. ಅದು "ಕ್ಯಾಸೆಟ್ ಇಂಥ ಸಂಖ್ಯೆ ಕೊಟ್ಟಾಗ ಮಾತ್ರ ಬದಲಿಸು" ಅನ್ನುವ ಷರತ್ತು. ದೊಡ್ಡ ಕ್ಯಾಸೆಟ್‌ಗಳಲ್ಲಿ ಪ್ರೋಗ್ರಾಮಿನ ಬೇರೆ ಬೇರೆ ತುಂಡುಗಳು ಸರದಿಯ ಮೇಲೆ ಒಂದೇ ಅಡ್ರೆಸ್‌ಗೆ ಬಂದು ಕೂರುತ್ತವೆ. ಷರತ್ತು ಇಲ್ಲದಿದ್ದರೆ ತಪ್ಪು ತುಂಡಿಗೆ ಏಟು ಬೀಳುತ್ತದೆ.

3. ಆರ್‌ಪಿಜಿಗೆ ಬೇರೆ ಕೀಲಿ ಬೇಕು

ಗೇಮ್ ಜೀನಿಗೆ ಕಾಣುವುದು ಕ್ಯಾಸೆಟ್ ಮಾತ್ರ. ಆದರೆ ಆರ್‌ಪಿಜಿಯಲ್ಲಿ ನಮಗೆ ಬೇಕಾದ್ದು ಕ್ಯಾಸೆಟ್ಟಿನ ಪ್ರೋಗ್ರಾಮಿನಲ್ಲಿ ಇರುವುದಿಲ್ಲ. ನಿಮ್ಮ ಚಿನ್ನ, ನಿಮ್ಮ ಚೀಲದ ಔಷಧಿ, ನಾಯಕನ ಅನುಭವದ ಅಂಕ, ಯಾವ ಊರಿನ ಮುದುಕನ ಹತ್ತಿರ ಮಾತಾಡಿದ್ದೀರಿ ಅನ್ನುವ ಗುರುತು, ಎಲ್ಲವೂ ಆಡುತ್ತಾ ಆಡುತ್ತಾ ಬದಲಾಗುವಂಥವು. ಅವು ಇರುವುದು ರ್‍ಯಾಮ್‌ನಲ್ಲಿ.

ಇದಕ್ಕೆ ಬಂದದ್ದು ಎರಡನೇ ಬಗೆಯ ಸಾಧನ. ಬ್ರಿಟನ್ನಿನ ಡೇಟೆಲ್ ಕಂಪನಿಯ ಆ್ಯಕ್ಷನ್ ರೀಪ್ಲೇ ಮತ್ತು ಅಮೆರಿಕದಲ್ಲಿ ಇಂಟರ್‌ಆ್ಯಕ್ಟ್ ಮಾರಿದ ಗೇಮ್‌ಶಾರ್ಕ್. ಟಿವಿಯಲ್ಲಿ ಚಿತ್ರ ಸೆಕೆಂಡಿಗೆ ಸುಮಾರು 60 ಸಲ ಹೊಸದಾಗಿ ಬರುತ್ತದಲ್ಲ, ಪ್ರತಿ ಸಲವೂ ಪ್ರೋಗ್ರಾಮ್ ಒಂದು ಗಳಿಗೆ ಬಿಡುವು ತೆಗೆದುಕೊಳ್ಳುತ್ತದೆ. ಆ ಗಳಿಗೆಯಲ್ಲಿ ಈ ಸಾಧನ ಒಳಗೆ ನುಗ್ಗಿ, ಹೇಳಿದ ಅಡ್ರೆಸ್‌ಗೆ ಹೇಳಿದ ಸಂಖ್ಯೆ ಬರೆದು ಹೊರಬರುತ್ತದೆ. ನೀವು ಅಂಗಡಿಯಲ್ಲಿ ಚಿನ್ನ ಖರ್ಚು ಮಾಡಿದ ಮರುಕ್ಷಣವೇ ಮತ್ತೆ ತುಂಬಿರುತ್ತದೆ.

ಪೋಕೆಮಾನ್ ರೆಡ್ ಮತ್ತು ಬ್ಲೂ, 1998ರಲ್ಲಿ ಅಮೆರಿಕಕ್ಕೆ ಬಂದ ಗೇಮ್ ಬಾಯ್ ಆಟಗಳು. ಅದರ ದುಡ್ಡಿನ ಕೋಡ್‌ನ ಮೊದಲ ಸಾಲು ನೋಡಿ:

01 99 47 ಡಿ3

01 ಅಂದರೆ "ಬರೆ". 99 ಬರೆಯಬೇಕಾದ ಸಂಖ್ಯೆ. 47 ಡಿ3 ಅಡ್ರೆಸ್, ಆದರೆ ತಿರುಗಾಮುರುಗಾ: ಚಿಕ್ಕ ಭಾಗ ಮೊದಲು, ದೊಡ್ಡ ಭಾಗ ಆಮೇಲೆ. ಹಾಗಾಗಿ ನಿಜವಾದ ಅಡ್ರೆಸ್ ಡಿ347. ಇನ್ನೆರಡು ಸಾಲುಗಳಲ್ಲಿ 47ರ ಜಾಗಕ್ಕೆ 48, 49 ಬರುತ್ತದೆ.

ಒಂದು ಬೈಟ್‌ನಲ್ಲಿ ದೊಡ್ಡ ಸಂಖ್ಯೆ ಎಫ್‌ಎಫ್, ಅಂದರೆ 255. ಹಾಗಾದ್ರೆ ಎಫ್‌ಎಫ್ ಬಿಟ್ಟು 99 ಯಾಕೆ? ಇಲ್ಲಿ ದುಡ್ಡನ್ನು ಬಿಸಿಡಿ ರೂಪದಲ್ಲಿ ಇಟ್ಟಿದ್ದಾರೆ. ಡಿಜಿಟಲ್ ಎಲೆಕ್ಟ್ರಾನಿಕ್ಸ್ ಓದಿದವರಿಗೆ ನೆನಪಿರಬಹುದು, ನಾಲ್ಕು ಬಿಟ್‌ಗೆ ಒಂದು ದಶಮಾನ ಅಂಕೆ. ಮೂರು ಬೈಟ್‌ಗೆ ಆರು ಅಂಕೆ, ಹಾಗಾಗಿ ಗರಿಷ್ಠ 999999. ಆಟದ ಶುರುವಿನಲ್ಲಿ ಕೈಯಲ್ಲಿರುವುದು 3000, ಅಂದರೆ ಮೆಮೊರಿಯಲ್ಲಿ 00 30 00. ಮೊದಲ ಸಾಲಿನ ಕೋಡ್ ಒಂದನ್ನೇ ಹಾಕಿದರೆ 99 30 00 ಆಗುತ್ತದೆ, 993000. ಎಫ್‌ಎಫ್ ಬರೆದರೆ ಅದು ದಶಮಾನದ ಅಂಕೆಯೇ ಅಲ್ಲ, ಆಟಕ್ಕೆ ಓದಲು ಬಾರದ ಕಸ.

ಪ್ಲೇಸ್ಟೇಷನ್‌ಗೆ ಬಂದಾಗ ಕೋಡ್ ಉದ್ದವಾಯಿತು, ತತ್ವ ಅದೇ. 80ರಿಂದ ಶುರುವಾದರೆ ಎರಡು ಬೈಟ್ ಬರೆ, 30ರಿಂದ ಶುರುವಾದರೆ ಒಂದು ಬೈಟ್ ಬರೆ, ಡಿ0ಯಿಂದ ಶುರುವಾದರೆ "ಇಂಥ ಜಾಗದಲ್ಲಿ ಇಂಥ ಸಂಖ್ಯೆ ಇದ್ದರೆ ಮಾತ್ರ ಮುಂದಿನ ಸಾಲು ಮಾಡು". ಈ ಕೊನೆಯದನ್ನು ಬಳಸಿ "ಸೆಲೆಕ್ಟ್ ಬಟನ್ ಒತ್ತಿದಾಗ ಮಾತ್ರ" ಅನ್ನುವಂಥ ಕೋಡ್ ಮಾಡುತ್ತಿದ್ದರು. ಅಂದ್ರೆ ಅಲ್ಲೇ ಒಂದು ಪುಟ್ಟ "ಇಫ್" ಇದೆ.

4. ಕೋಡ್ ಹುಡುಕುವುದು ಹೇಗೆ?

ಡಿ347 ಅಂತ ಮೊದಲು ಯಾರಿಗೆ ಹೇಗೆ ಗೊತ್ತಾಯಿತು? ಗೇಮ್ ಮಾಡಿದವರು ಹೇಳಲಿಲ್ಲ. ಸೋಸಿ ಸೋಸಿ ಹಿಡಿದರು.

ಗೇಮ್ ಬಾಯ್‌ನ ಕೆಲಸದ ರ್‍ಯಾಮ್ 8 ಕಿಲೋಬೈಟ್, ಅಂದರೆ 8192 ಮನೆಗಳು. ನಿಮ್ಮ ಪ್ರಾಣ, ಅಂದರೆ ಎಚ್‌ಪಿ ಈಗ 45. "45 ಇರುವ ಮನೆಗಳೆಲ್ಲ ತೋರಿಸು" ಅಂತ ಕೇಳಿ. ಸಂಖ್ಯೆಗಳು ಸಮನಾಗಿ ಹರಡಿದ್ದರೆ 256ಕ್ಕೆ ಒಂದರಂತೆ 32 ಮನೆ ಸಿಗುತ್ತವೆ. ಈಗ ಒಂದು ಏಟು ತಿನ್ನಿ. ಎಚ್‌ಪಿ 38 ಆಯಿತು. "ಆ 32ರಲ್ಲಿ ಈಗ 38 ಇರುವುದು ಯಾವುದು?" ಬಹುಪಾಲು ಒಂದೋ ಎರಡೋ ಉಳಿಯುತ್ತವೆ. ಅಲ್ಲಿಗೆ ಬೇರೆ ಸಂಖ್ಯೆ ಬರೆದು ನೋಡಿ, ಪರದೆ ಬದಲಾದರೆ ಅದೇ ಮನೆ. ಗೇಮ್‌ಶಾರ್ಕ್ ಪ್ರೊ ಥರದ ಸಾಧನಗಳಲ್ಲಿ ಈ ಹುಡುಕಾಟ ಒಳಗೇ ಇತ್ತು. ಈಗಿನ ಎಮ್ಯುಲೇಟರ್‌ಗಳಲ್ಲೂ ಇದೆ.

ಸಂಖ್ಯೆಯೇ ಕಾಣದಿದ್ದರೆ? ಉದಾಹರಣೆಗೆ "ಇನ್ನೆಷ್ಟು ಹೆಜ್ಜೆಗೆ ರಾಕ್ಷಸ ಎದುರಾಗುತ್ತಾನೆ" ಅಂತ ಪರದೆ ಹೇಳುವುದಿಲ್ಲ. ಫೈನಲ್ ಫ್ಯಾಂಟಸಿ 7ರಲ್ಲಿ ನೀವು ನಡೆದಂತೆಲ್ಲ ಒಳಗೆ ಒಂದು ಅಪಾಯದ ಲೆಕ್ಕ ಏರುತ್ತಾ ಹೋಗುತ್ತದೆ. ಅದು ಏರಿದಷ್ಟೂ ಕಾಳಗ ಎದುರಾಗುವ ಸಂಭವ ಹೆಚ್ಚು. ಆಗ "ನಡೆದ ಮೇಲೆ ಹೆಚ್ಚಾದ ಮನೆ ಯಾವುದು, ನಿಂತಾಗ ಬದಲಾಗದ ಮನೆ ಯಾವುದು, ಕಾಳಗ ಆದ ಮೇಲೆ ಕಡಿಮೆಯಾದ ಮನೆ ಯಾವುದು" ಅಂತ ಸೋಸಬೇಕು. ಆ ಮನೆ ಸಿಕ್ಕಿ, ಅಲ್ಲಿ ಸದಾ ಸೊನ್ನೆ ಬರೆಯುತ್ತಿದ್ದರೆ ರಾಕ್ಷಸರು ಬರುವುದೇ ಇಲ್ಲ. ಪ್ರಯೋಗ ಮಾಡು, ಒಂದನ್ನೇ ಬದಲಿಸು, ಉಳಿದದ್ದನ್ನು ತೆಗೆದುಹಾಕು: ನಾವು ಥೀಸಿಸ್‌ನಲ್ಲಿ ಡಿಬಗ್ ಮಾಡುವುದೂ ಹೀಗೇ ಅಲ್ವಾ?

5. ಸಾಧನವೇ ಇಲ್ಲದ ಕೋಡ್: ಮಿಸ್ಸಿಂಗ್‌ನೋ

ಪೋಕೆಮಾನ್ ರೆಡ್, ಬ್ಲೂ ಆಡಿದವರಿಗೆ ಈ ಹೆಸರು ಗೊತ್ತು. ವಿರಿಡಿಯನ್ ಊರಿನ ಮುದುಕ ಪೋಕೆಮಾನ್ ಹಿಡಿಯುವುದು ಹೇಗೆ ಅಂತ ತೋರಿಸುತ್ತಾನೆ. ಅದು ಮುಗಿದ ಮೇಲೆ ನೇರವಾಗಿ ಸಿನ್ನಬಾರ್ ದ್ವೀಪಕ್ಕೆ ಹಾರಿ, ಅದರ ಪೂರ್ವದ ದಡಕ್ಕಂಟಿ ನೀರಿನಲ್ಲಿ ಹೋಗುತ್ತಾ ಬರುತ್ತಾ ಇದ್ದರೆ ವಿಚಿತ್ರ ಜೀವಿಗಳು ಎದುರಾಗುತ್ತವೆ. ಅದರಲ್ಲಿ ಮಿಸ್ಸಿಂಗ್‌ನೋ ಕಂಡರೆ ನಿಮ್ಮ ಚೀಲದ ಆರನೇ ವಸ್ತು 128 ಹೆಚ್ಚಾಗುತ್ತದೆ. ಶಾಲೆಯ ಮಕ್ಕಳಿಗೆ ಇದು ಮಾಟವಾಗಿ ಕಂಡಿತು. ನಾವು ಲೆಕ್ಕ ಮಾಡೋಣ.

ಮೊದಲ ಅರ್ಧ. ಮುದುಕನ ಪ್ರದರ್ಶನದ ಹೊತ್ತಿನಲ್ಲಿ ಆಟಗಾರನ ಹೆಸರಿನ ಜಾಗದಲ್ಲಿ ಮುದುಕನ ಹೆಸರು ತೋರಿಸಬೇಕು. ಹಾಗಾಗಿ ನಿಮ್ಮ ಹೆಸರನ್ನು ತಾತ್ಕಾಲಿಕವಾಗಿ ಬೇರೆ ಕಡೆ ಎತ್ತಿಡುತ್ತಾರೆ. ಎಲ್ಲಿ? "ಈ ಊರಿನ ಹುಲ್ಲಿನಲ್ಲಿ ಯಾವ ಪೋಕೆಮಾನ್ ಸಿಗುತ್ತವೆ" ಅನ್ನುವ ಪಟ್ಟಿ ಇಡುವ ಜಾಗದಲ್ಲಿ. ಮುಂದೆ ಹುಲ್ಲಿರುವ ಊರಿಗೆ ಹೋದರೆ ಅದರ ಮೇಲೆ ಹೊಸ ಪಟ್ಟಿ ಬರುತ್ತದೆ, ತೊಂದರೆ ಇಲ್ಲ. ಸಿನ್ನಬಾರ್‌ನಲ್ಲಿ ಹುಲ್ಲಿಲ್ಲ, ಹಾಗಾಗಿ ಹೊಸ ಪಟ್ಟಿ ಬರುವುದಿಲ್ಲ. ಆದರೆ ಅಲ್ಲಿನ ಪೂರ್ವ ದಡದ ಆ ಒಂದು ಪಟ್ಟೆಯಲ್ಲಿ ಆಟ ಹುಲ್ಲಿನ ಪಟ್ಟಿಯನ್ನೇ ನೋಡುತ್ತದೆ. ಅಲ್ಲಿ ಇನ್ನೂ ನಿಮ್ಮ ಹೆಸರು ಕೂತಿದೆ! ನಿಮ್ಮ ಹೆಸರಿನ 3, 5, 7ನೇ ಅಕ್ಷರಗಳು ಯಾವ ಪೋಕೆಮಾನ್ ಅನ್ನುವುದಾಗುತ್ತವೆ, 2, 4, 6ನೇ ಅಕ್ಷರಗಳು ಅದರ ಲೆವೆಲ್ ಆಗುತ್ತವೆ. ಈ ಆಟದಲ್ಲಿ ಇಂಗ್ಲಿಷಿನ ದೊಡ್ಡಕ್ಷರ ಎ ಅಂದರೆ 128. ಹಾಗಾಗಿಯೇ 100 ಮೀರಬಾರದ ಲೆವೆಲ್ 128ರ ಆಚೆ ಕಾಣುತ್ತದೆ. ಸಂಖ್ಯೆ ಅದೇ. ಒಂದು ಕಡೆ ಹೆಸರು, ಇನ್ನೊಂದು ಕಡೆ ರಾಕ್ಷಸ.

ಎರಡನೇ ಅರ್ಧ. ಪೋಕೆಮಾನ್ ಕಂಡಾಗಲೆಲ್ಲ ಆಟ "ಇದನ್ನು ನೋಡಿದ್ದೇನೆ" ಅಂತ ಒಂದು ಬಿಟ್ ಗುರುತು ಹಾಕುತ್ತದೆ. ಒಟ್ಟು 151 ಪೋಕೆಮಾನ್, ಬೈಟ್‌ಗೆ 8 ಬಿಟ್, ಹಾಗಾಗಿ 19 ಬೈಟ್ ಸಾಕು: 0ಯಿಂದ 18ರವರೆಗೆ. ಮಿಸ್ಸಿಂಗ್‌ನೋದ ಕ್ರಮಸಂಖ್ಯೆ 0. ಎಣಿಕೆ ಸೊನ್ನೆಯಿಂದ ಶುರುವಾಗಲಿ ಅಂತ ಆಟ ಅದರಿಂದ ಒಂದು ಕಳೆಯುತ್ತದೆ. ಒಂದು ಬೈಟ್‌ನಲ್ಲಿ 0ಯಿಂದ 1 ಕಳೆದರೆ 255. ಈಗ 255ನ್ನು 8ರಿಂದ ಭಾಗಿಸಿ: 31, ಶೇಷ 7. ಅಂದರೆ 31ನೇ ಬೈಟ್‌ನ 7ನೇ ಬಿಟ್. ಆದರೆ ಪಟ್ಟಿ 18ಕ್ಕೇ ಮುಗಿದಿದೆಯಲ್ಲ!

ಮುಂದೆ ಏನಿದೆ ಅಂತ ಬೆರಳು ಮಡಚಿ ಎಣಿಸಿ. 19ನೇ ಬೈಟ್, ಚೀಲದಲ್ಲಿ ಎಷ್ಟು ಬಗೆ ವಸ್ತು ಇದೆ. 20, 21: ಮೊದಲ ವಸ್ತು, ಅದರ ಸಂಖ್ಯೆ. 22, 23: ಎರಡನೆಯದು. 24, 25. 26, 27. 28, 29. ಕೊನೆಗೆ 30ನೇ ಬೈಟ್ ಆರನೇ ವಸ್ತು, 31ನೇ ಬೈಟ್ ಅದು ಎಷ್ಟಿದೆ ಅನ್ನುವ ಲೆಕ್ಕ. ಅದರ 7ನೇ ಬಿಟ್‌ನ ಬೆಲೆ 128. ಅದಕ್ಕೇ ಆರನೇ ವಸ್ತು, ಅದಕ್ಕೇ 128. ಒಂದು ರೇರ್ ಕ್ಯಾಂಡಿ ಇದ್ದರೆ 129 ಆಗುತ್ತದೆ.

ಸಿ ಭಾಷೆ ಕಲಿತವರು "ಅರೇಯ ಗಡಿ ದಾಟಿ ಬರೆಯಬೇಡಿ" ಅನ್ನುವ ಮಾತನ್ನು ನೂರು ಸಲ ಕೇಳಿರುತ್ತೀರಿ. ಇದು ಅದೇ ತಪ್ಪು. ಇಲ್ಲಿ ನಷ್ಟವಾಗುವ ಬದಲು ಮಿಠಾಯಿ ಸಿಕ್ಕಿತು ಅಷ್ಟೇ. ಬ್ಯಾಂಕಿನ ಸರ್ವರಿನಲ್ಲೋ ಆಸ್ಪತ್ರೆಯ ಯಂತ್ರದಲ್ಲೋ ಇದೇ ಆದರೆ ನಗು ಬರುವುದಿಲ್ಲ.

6. ಎಲ್ಲಿ ಕೆಡುತ್ತದೆ?

ಓಡಿ ಗುಂಡು ಹೊಡೆಯುವ ಆಟದಲ್ಲಿ ಕೋಡ್ ಕೆಟ್ಟರೆ ಸ್ವಿಚ್ ಆಫ್ ಮಾಡಿ ಮತ್ತೆ ಶುರು ಮಾಡಬಹುದು. ಆರ್‌ಪಿಜಿಯಲ್ಲಿ ಸೇವ್ ಇದೆ. ಕೆಟ್ಟದ್ದೂ ಸೇವ್ ಆಗುತ್ತದೆ. 40 ಗಂಟೆಯ ಆಟ ಕೈಬಿಟ್ಟು ಹೋಗುವುದು ಹೆಚ್ಚಾಗಿ ಈ ಮೂರು ಕಡೆ.

ಒಂದು, ಗೋಡೆ ದಾಟುವ ಕೋಡ್. ಕಥೆ ಮುಂದೆ ಹೋಗುವುದು ನೀವು ಇಂಥ ಜಾಗಕ್ಕೆ ಕಾಲಿಟ್ಟಾಗ, ಇಂಥವರ ಹತ್ತಿರ ಮಾತಾಡಿದಾಗ ಏಳುವ ಗುರುತುಗಳಿಂದ. ಗೋಡೆ ದಾಟಿ ಹೋದರೆ ಆ ಜಾಗಕ್ಕೆ ಕಾಲಿಡುವುದೇ ಇಲ್ಲ. ಮುಂದಿನ ಊರಿನವರು ಆಗದೇ ಇರುವ ಘಟನೆಯ ಮಾತಾಡುತ್ತಾರೆ, ಇಲ್ಲವೇ ಬಾಗಿಲು ತೆರೆಯುವುದೇ ಇಲ್ಲ. ಅಲ್ಲಿ ಸೇವ್ ಮಾಡಿದರೆ ವಾಪಸ್ ಬರುವ ದಾರಿಯೂ ಇರಲಿಕ್ಕಿಲ್ಲ.

ಎರಡು, ಸಾಯದ ಕೋಡ್. 1995ರ ಕ್ರೋನೊ ಟ್ರಿಗರ್‌ನಲ್ಲಿ ಸಮುದ್ರದಡಿಯ ಅರಮನೆಯಲ್ಲಿ ಒಂದು ಕಾಳಗ ಇದೆ. ಅಲ್ಲಿ ಸೋಲುವುದೇ ಕಥೆಯ ದಾರಿ. ಸೋತ ಮೇಲೆ ನಡೆಯುವುದೇ ಆ ಆಟದ ಮರೆಯಲಾಗದ ಭಾಗ. ಕೋಡ್ ಹಾಕಿ ಗೆದ್ದುಬಿಟ್ಟರೆ ಆಟ ಅಲ್ಲೇ ಒಂದು ವಿಶೇಷ ಅಂತ್ಯಕ್ಕೆ ಹಾರುತ್ತದೆ. ಮೊದಲ ಸಲ ಆಡುವವರಿಗೆ ಅರ್ಧ ಪುಸ್ತಕ ಹರಿದು ಕೊಟ್ಟ ಹಾಗೆ.

ಮೂರು, ಒಂದು ಸಂಖ್ಯೆಯಿಂದ ಇನ್ನೊಂದು ಹುಟ್ಟುವ ಕಡೆ. ಪೋಕೆಮಾನ್‌ನಲ್ಲಿ ಲೆವೆಲ್ ಹುಟ್ಟುವುದು ಅನುಭವದ ಅಂಕದಿಂದ. ಮೇಲಿನ ತಂತ್ರದಿಂದ ಹಿಡಿದ 128ನೇ ಲೆವೆಲ್‌ನ ಪ್ರಾಣಿ ಒಂದು ಕಾಳಗ ಗೆದ್ದು ಅಂಕ ಪಡೆದ ಕೂಡಲೇ ಆಟ ಲೆಕ್ಕವನ್ನು ಮತ್ತೆ ಮಾಡುತ್ತದೆ, ಲೆವೆಲ್ 100ಕ್ಕೆ ಇಳಿಯುತ್ತದೆ. ನೀವು ಬದಲಿಸಿದ್ದು ಉತ್ತರವನ್ನು, ಲೆಕ್ಕವನ್ನಲ್ಲ.

7. ಕೋರ್ಟಿಗೆ ಹೋದ ಜೀನಿ

ಇದೆಲ್ಲ ಕಲಿಯಲು ನಮಗೆ ಅವಕಾಶ ಉಳಿದದ್ದರ ಹಿಂದೆ ಒಂದು ಮೊಕದ್ದಮೆ ಇದೆ. ಗೇಮ್ ಜೀನಿ ತಮ್ಮ ಆಟಗಳ ಅನಧಿಕೃತ ರೂಪಾಂತರ ಮಾಡುತ್ತದೆ, ಇದು ಕಾಪಿರೈಟ್ ಉಲ್ಲಂಘನೆ ಅಂತ ನಿಂಟೆಂಡೊ ವಾದಿಸಿತು. 1990ರಲ್ಲಿ ಅಮೆರಿಕದ ಕೋರ್ಟು ಮಾರಾಟಕ್ಕೆ ತಾತ್ಕಾಲಿಕ ತಡೆ ಕೊಟ್ಟಿತು. 1991ರಲ್ಲಿ ಪೂರ್ಣ ವಿಚಾರಣೆಯ ನಂತರ ಗಲೂಬ್ ಗೆದ್ದಿತು, 1992ರಲ್ಲಿ ಮೇಲ್ಮನವಿ ಕೋರ್ಟು ಅದನ್ನು ಎತ್ತಿಹಿಡಿಯಿತು. ತಡೆಯಿಂದ ಆದ ನಷ್ಟಕ್ಕೆ ನಿಂಟೆಂಡೊ 1.5 ಕೋಟಿ ಡಾಲರ್ ಕೊಡಬೇಕಾಯಿತು.

ಕೋರ್ಟಿನ ತರ್ಕ ಸರಳ. ಗೇಮ್ ಜೀನಿ ಆಟದ ನಕಲನ್ನು ಎಲ್ಲೂ ಇಟ್ಟುಕೊಳ್ಳುವುದಿಲ್ಲ. ಬದಲಾವಣೆ ಶಾಶ್ವತವಲ್ಲ. ಕ್ಯಾಸೆಟ್ಟಿಗೆ ದುಡ್ಡು ಕೊಟ್ಟು ಕೊಂಡವನು ಮನೆಯಲ್ಲಿ ತನ್ನ ಖುಷಿಗೆ ಬೇರೆ ಥರ ಆಡುತ್ತಾನೆ, ಪುಸ್ತಕ ಕೊಂಡವನು ಪುಟ ಹಾರಿಸಿ ಓದಿದ ಹಾಗೆ. ಆದರೆ ಇದು ಎಲ್ಲಕ್ಕೂ ಪರವಾನಗಿ ಅಲ್ಲ. 1998ರಲ್ಲಿ ಅದೇ ಮೇಲ್ಮನವಿ ಕೋರ್ಟು, ಡ್ಯೂಕ್ ನ್ಯೂಕೆಮ್ 3ಡಿ ಆಟಕ್ಕೆ ಆಟಗಾರರು ಮಾಡಿದ ಹಂತಗಳನ್ನು ಸಿಡಿಯಲ್ಲಿ ತುಂಬಿ ಮಾರಿದ ಕಂಪನಿಯ ವಿರುದ್ಧ ತೀರ್ಪು ಕೊಟ್ಟಿತು. ಅಲ್ಲಿ ಬದಲಾವಣೆ ಫೈಲ್ ರೂಪದಲ್ಲಿ ಶಾಶ್ವತವಾಗಿ ಉಳಿದಿತ್ತು. ಕೊಂಡ ವಸ್ತುವನ್ನು ಬಿಚ್ಚಿ ನೋಡುವ ಹಕ್ಕು ಎಲ್ಲಿಯವರೆಗೆ ಅನ್ನುವ ಪ್ರಶ್ನೆ ಫೋನು, ಕಾರು, ಟ್ರ್ಯಾಕ್ಟರ್‌ವರೆಗೂ ಇಂದಿಗೂ ನಡೆಯುತ್ತಿದೆ. ಎಂಜಿನಿಯರಿಂಗ್ ಓದುವ ನಾವು ಅದರ ಬಗ್ಗೆ ಒಂದು ಅಭಿಪ್ರಾಯ ಇಟ್ಟುಕೊಳ್ಳಲೇಬೇಕು.

8. ಮೋಸ ಯಾರಿಗೆ?

ಚೌಕಾಬಾರ ಆಡುವಾಗ ಯಾರಾದರೂ ಕವಡೆಯನ್ನು ಮೆಲ್ಲಗೆ ತಿರುಗಿಸಿದರೆ ಅದು ಕಳ್ಳಾಟ, ಯಾಕಂದ್ರೆ ಎದುರಿಗೆ ಇನ್ನೂ ಮೂವರು ಕೂತಿದ್ದಾರೆ. ಒಬ್ಬರೇ ಆಡುವ ಆರ್‌ಪಿಜಿಯಲ್ಲಿ ಎದುರಿಗೆ ಯಾರೂ ಇಲ್ಲ. ಆದರೆ ಕೋಡ್‌ನಿಂದ ಮಾಡಿದ ಪೋಕೆಮಾನ್ ಹಿಡಿದುಕೊಂಡು ಕೇಬಲ್ ಜೋಡಿಸಿ ಗೆಳೆಯನ ಜೊತೆ ಕಾಳಗಕ್ಕೆ ಇಳಿದರೆ ಮತ್ತೆ ಅದು ಕಳ್ಳಾಟವೇ. ಅವನಿಗೆ ಮೊದಲೇ ಹೇಳಿ, ಒಪ್ಪಿದರೆ ಆಡಿ.

ಉಳಿದದ್ದು ಸಮಯದ ಪ್ರಶ್ನೆ. ಆರ್‌ಪಿಜಿಯ ಸಂಖ್ಯೆಗಳೆಲ್ಲ ಗಂಟೆಗಳಿಂದ ಮಾಡಿದವು. ಲೆವೆಲ್ 30 ಅಂದರೆ ಯಾರೋ ಇಷ್ಟು ಸಂಜೆ ಕೂತು ಆಡಿದ್ದಾರೆ ಅಂತ. ಹನ್ನೆರಡು ವರ್ಷದ ಮಕ್ಕಳ ಬೇಸಿಗೆ ರಜೆಗೆ ಹೊಂದುವ ಲೆಕ್ಕ ಅದು. ಕ್ಲಾಸು, ಅಸೈನ್‌ಮೆಂಟು, ಕ್ಯಾಂಪಸ್ಸಿನ ಕೆಲಸ, ಅಡುಗೆ, ಊರಿಗೆ ವಿಡಿಯೋ ಕಾಲ್ ಇಷ್ಟರ ನಡುವೆ ನಮಗೆ ಸಿಗುವುದು ಭಾನುವಾರದ ಎರಡು ಗಂಟೆ. ಗೇಮ್ ಕಂಪನಿಗಳಿಗೂ ಇದು ಗೊತ್ತಾಗಿದೆ. 2015ರಲ್ಲಿ ಪ್ಲೇಸ್ಟೇಷನ್ 4ಕ್ಕೆ ಬಂದ ಫೈನಲ್ ಫ್ಯಾಂಟಸಿ 7ರ ಹಳೆ ಆವೃತ್ತಿಯಲ್ಲಿ ಮೂರು ಪಟ್ಟು ವೇಗ, ರಾಕ್ಷಸರು ಬರದಂತೆ ಮಾಡುವ ಆಯ್ಕೆ ಎರಡನ್ನೂ ಅವರೇ ಕೊಟ್ಟಿದ್ದಾರೆ. ಹಿಂದೆ ಗೇಮ್‌ಶಾರ್ಕ್ ಮಾಡುತ್ತಿದ್ದ ಕೆಲಸ ಈಗ ಮೆನುವಿನಲ್ಲಿದೆ.

ನನ್ನ ಸಲಹೆ ಇಷ್ಟು. ಮೊದಲ ಸಲ ಆಡುವಾಗ ಸಮಯವನ್ನು ಬದಲಿಸಿ, ಅಪಾಯವನ್ನು ಬದಲಿಸಬೇಡಿ. ಅನುಭವದ ಅಂಕ ಎರಡು ಪಟ್ಟು, ಸ್ವಲ್ಪ ಚಿನ್ನ, ದಾರಿಯಲ್ಲಿ ಕಡಿಮೆ ಕಾಳಗ, ಇವು ಗಂಟೆ ಉಳಿಸುತ್ತವೆ. ಸಾಯದ ಕೋಡ್ ಹಾಕಿದರೆ ಔಷಧಿ ಯಾವಾಗ ಕೊಡಬೇಕು, ಯಾರನ್ನು ಮುಂದೆ ನಿಲ್ಲಿಸಬೇಕು ಅನ್ನುವ ಯೋಚನೆಯೇ ಬೇಡ. ಆಗ ಉಳಿಯುವುದು ಬಟನ್ ಒತ್ತುವ ಕೆಲಸ ಮಾತ್ರ. ಆಟ ಮುಗಿಸಿದ ಮೇಲೆ ಎಲ್ಲ ಕೋಡ್ ಹಾಕಿ ಗೋಡೆ ಒಡೆದು ನೋಡಿ. ಆಗ ಆಟ ಹೇಗೆ ಕಟ್ಟಿದ್ದಾರೆ ಅಂತ ಕಾಣುತ್ತದೆ.

9. ಕೈ ಹಾಕುವ ಮೊದಲು

- ಕೋಡ್ ಹಾಕುವ ಮೊದಲು ಬೇರೆ ಸ್ಲಾಟ್‌ನಲ್ಲಿ ಸೇವ್ ಮಾಡಿ. ಪೋಕೆಮಾನ್ ರೆಡ್ ಥರ ಒಂದೇ ಸ್ಲಾಟ್ ಇರುವ ಆಟದಲ್ಲಿ ಕೋಡ್ ಹಾಕಿದ ಮೇಲೆ ಸೇವ್ ಮಾಡದೆ ಅರ್ಧ ಗಂಟೆ ಆಡಿ ನೋಡಿ.
- ಒಂದು ಸಲಕ್ಕೆ ಒಂದೇ ಕೋಡ್. ಕೆಲಸ ಮುಗಿದ ಕೂಡಲೇ ಆಫ್ ಮಾಡಿ.
- ಕೋಡ್ ಆಟದ ಆವೃತ್ತಿಗೆ ಹೊಂದಬೇಕು. ಜಪಾನಿನ, ಅಮೆರಿಕದ, ಯೂರೋಪಿನ ಆವೃತ್ತಿಗಳಲ್ಲಿ ಅಡ್ರೆಸ್ ಬೇರೆಯಾಗಿರಬಹುದು.
- ಹಳೆ ಕ್ಯಾಸೆಟ್ ಕೊಳ್ಳುವವರು ಗಮನಿಸಿ, ಒಳಗಿನ ಬಟನ್ ಬ್ಯಾಟರಿ ಖಾಲಿಯಾಗಿದ್ದರೆ ಸೇವ್ ಉಳಿಯುವುದಿಲ್ಲ. ಅದಕ್ಕೆ ಕೋಡ್ ಕಾರಣವಲ್ಲ.
- ಎನ್‌ಇಎಸ್‌ನ ಗೇಮ್ ಜೀನಿ ಬೋರ್ಡ್ ಕ್ಯಾಸೆಟ್ಟಿಗಿಂತ ದಪ್ಪ. ಒತ್ತಿ ಒತ್ತಿ ಹಾಕಿದರೆ ಕನ್ಸೋಲಿನ ಪಿನ್‌ಗಳು ಸಡಿಲವಾಗುತ್ತವೆ.
- ಹಳೆ ಗೇಮ್‌ಶಾರ್ಕ್ ಕೂರುವುದು ಪ್ಲೇಸ್ಟೇಷನ್ನಿನ ಹಿಂದಿನ ಪೋರ್ಟ್‌ನಲ್ಲಿ. ಕೊನೆಯ ಮಾದರಿಗಳಲ್ಲಿ ಸೋನಿ ಅದನ್ನು ತೆಗೆದುಹಾಕಿದೆ. ಕೊಳ್ಳುವ ಮೊದಲು ನೋಡಿಕೊಳ್ಳಿ.

ಮಾಡಿ ನೋಡಿ

1) 01 50 48 ಡಿ3 ಈ ಕೋಡ್ ಯಾವ ಅಡ್ರೆಸ್‌ಗೆ ಏನು ಬರೆಯುತ್ತದೆ? ಕೈಯಲ್ಲಿ 003000 ಇದ್ದರೆ ಎಷ್ಟಾಗುತ್ತದೆ?
2) ಆರನೇ ವಸ್ತು 5 ಇದೆ. ಮಿಸ್ಸಿಂಗ್‌ನೋ ಕಂಡ ಮೇಲೆ ಎಷ್ಟು? ಮತ್ತೊಮ್ಮೆ ಕಂಡರೆ?
3) ಪ್ಲೇಸ್ಟೇಷನ್ನಿನ ಮುಖ್ಯ ರ್‍ಯಾಮ್ 2 ಮೆಗಾಬೈಟ್. ಅದರಲ್ಲಿ ಎರಡು ಬೈಟ್‌ನ ಮನೆಗಳು ಎಷ್ಟು?

ಉತ್ತರಗಳು: 1) ಅಡ್ರೆಸ್ ಡಿ348ಕ್ಕೆ 50. ಮಧ್ಯದ ಬೈಟ್ 30ರ ಬದಲು 50 ಆಗಿ, 005000. 2) 133. ಮತ್ತೊಮ್ಮೆ ಕಂಡರೂ 133, ಯಾಕಂದ್ರೆ ಆ ಬಿಟ್ ಈಗಾಗಲೇ 1 ಆಗಿದೆ. ಆಟ ಕೂಡುವುದಿಲ್ಲ, ಗುರುತು ಹಾಕುತ್ತದೆ ಅಷ್ಟೇ. ಖರ್ಚಾಗಿ 128ಕ್ಕಿಂತ ಕೆಳಗೆ ಇಳಿದ ಮೇಲೆ ಮತ್ತೆ ಕೆಲಸ ಮಾಡುತ್ತದೆ. 3) 10,48,576.

ಮೂರೂ ಸರಿಯಾಗಿದ್ದರೆ ನಿಮಗೆ ಪಾಠ ಅರ್ಥವಾಗಿದೆ. ನಿಮ್ಮ ಹತ್ತಿರ ಹಳೆ ಗೇಮ್ ಬಾಯ್ ಏನಾದರೂ ಇದ್ದರೆ ನಮ್ಮ ಸಂಘದ ಮುಂದಿನ ಕೂಟಕ್ಕೆ ತನ್ನಿ. ಬಿಸಿಬೇಳೆ ಬಾತ್ ಆದ ಮೇಲೆ ಒಂದು ಮೂಲೆಯಲ್ಲಿ ಕೂತು, ಡಿ347 ಎಲ್ಲಿದೆ ಅಂತ ಕೋಡ್ ಪಟ್ಟಿ ನೋಡದೆ ನಾವೇ ಹುಡುಕೋಣ.